ಅದು ನಮ್ಮದಲ್ಲ

ಏಪ್ರಿಲ್ ತಿಂಗಳ ಇಳಿಹೊತ್ತಿನಲ್ಲಿ ಬೆಟ್ಟದಿಂದ ಇಳಿದು ಬಂದ ನಮ್ಮನ್ನು ದೊಡ್ಡಮ್ಮ ಜಗುಲಿ ಹತ್ತಲು ಬಿಡುತ್ತಿರಲಿಲ್ಲ. ಲಂಗ ಹರಿದದ್ದು ಹೇಗೆ, ಕಾಲಿಗೆ ಮುಳ್ಳು ಹೆಟ್ಟಿತಾ, ಇಷ್ಟು ಹೊತ್ತು ಎಲ್ಲಿ ಹಾಳಾಗಿ ಹೋಗಿದ್ದಿರಿ ಎಂಬ ವಿಚಾರಣೆಯೆಲ್ಲ ಆಮೇಲೆ. ಅಂಗಳದಲ್ಲಿ ಹಲಸಿನಕಾಯಿ ಹಪ್ಪಳ ಕಾಯುತ್ತ ಕೂತವಳು ಕಾಗೆ ಓಡಿಸುವ ಕೋಲನ್ನೇ ನಮ್ಮತ್ತ ಚಾಚಿ, "ನಾಲಿಗೆ ತೋರಿಸ್ರಾ" ಅನ್ನುತ್ತಿದ್ದಳು.

ಮೂವರೂ ಸಾಲಾಗಿ ನಿಂತು ನಾಲಿಗೆ ಹೊರಗೆ ಹಾಕುತ್ತಿದ್ದೆವು. ಮೊದಲು ದೊಡ್ಡಮ್ಮನ ಮಗಳು ದೊಡ್ಡಕ್ಕ, ಆಮೇಲೆ ನಾನು, ಕೊನೆಗೆ ನನ್ನ ತಮ್ಮ. ತಮ್ಮನ ನಾಲಿಗೆ ಯಾವಾಗಲೂ ನಮ್ಮಿಬ್ಬರದಕ್ಕಿಂತ ಗಾಢ. ನಾವು ಎಲ್ಲಿಗೆ ಹೋಗಿದ್ದೆವು ಎಂದು ಬಾಯಿಬಿಟ್ಟು ಹೇಳಬೇಕಾಗಿರಲಿಲ್ಲ. ನಾಲಿಗೆ ನೇರಳೆ ಬಣ್ಣಕ್ಕೆ ತಿರುಗಿದ್ದರೆ ಹೊಳೆದಂಡೆ. ಕಪ್ಪುನೀಲಿಯಾಗಿ, ಹಲ್ಲಿನ ಸಂದಿಯಲ್ಲೆಲ್ಲ ರವೆಯಂಥ ಬೀಜ ಸಿಕ್ಕಿಕೊಂಡಿದ್ದರೆ ನೆಕ್ಕರಿಕ, ಅಂದರೆ ಕೆರೆ ಏರಿಯ ಕೆಳಗಿನ ಜವುಗು. ತುಟಿಗೆ ಅಂಟು ಮೆತ್ತಿಕೊಂಡಿದ್ದರೆ ಕೌಳಿಹಣ್ಣು, ಅದು ಸಿಕ್ಕುವುದು ಬ್ಯಾಣದಲ್ಲಿ, ಅಂದರೆ ದನ ಮೇಯುವ ಹುಲ್ಲುಗಾವಲಿನಲ್ಲಿ. ಬಾಯಿ ಒಣಗಿ ಮಾತು ತೊದಲಿದರೆ ರಂಜದ ಹಣ್ಣು, ಅದರ ಮರ ಇದ್ದದ್ದು ದೇವಸ್ಥಾನದ ಹಿಂದೆ, ಹಾವಿದೆಯೆಂದು ಹೋಗಬಾರದೆಂದಿದ್ದ ಜಾಗದಲ್ಲಿ. ರಂಜದ ಹಣ್ಣು ತಿಂದ ದಿನ ಎರಡು ಪೆಟ್ಟು ಖಾತ್ರಿ.

ನೆಕ್ಕರಿಕಕ್ಕೆ ಸಸ್ಯಶಾಸ್ತ್ರದವರು ಇಟ್ಟ ಹೆಸರು ಮೆಲಸ್ಟೊಮ. ಗ್ರೀಕ್ ಭಾಷೆಯಲ್ಲಿ ಅದರ ಅರ್ಥ 'ಕಪ್ಪು ಬಾಯಿ' ಎಂದು ಎಷ್ಟೋ ವರ್ಷಗಳ ಮೇಲೆ ಕಾಲೇಜಿನಲ್ಲಿ ಓದಿದಾಗ, ಹೆಸರಿಟ್ಟ ಆ ಪುಣ್ಯಾತ್ಮನ ಅಂಗಳದಲ್ಲೂ ಒಬ್ಬ ದೊಡ್ಡಮ್ಮ ಇದ್ದಿರಬೇಕು ಅನ್ನಿಸಿ ತರಗತಿಯಲ್ಲೇ ನಗು ಬಂದಿತ್ತು.

ನಾನು ಹೇಳುತ್ತಿರುವುದು 1970ರ ದಶಕದ ಮಾತು. ಹೊಸನಗರ ತಾಲ್ಲೂಕಿನ ಒಂದು ಒಂಟಿಮನೆ. ಮೋಡವಿಲ್ಲದ ದಿನ ಅಂಗಳದಿಂದ ಕೊಡಚಾದ್ರಿಯ ನೆತ್ತಿ ಕಾಣುತ್ತಿತ್ತು. ಅಂಗಡಿ ಎಂದರೆ ನಾಲ್ಕು ಮೈಲಿ. ಬೆಲ್ಲ, ಅವಲಕ್ಕಿ ಬಿಟ್ಟರೆ ಮಕ್ಕಳ ಬಾಯಾಡಿಸಲು ಮನೆಯಲ್ಲಿ ಬೇರೇನೂ ಇರುತ್ತಿರಲಿಲ್ಲ. ದಣಪೆ ದಾಟಿದರೆ ಮಾತ್ರ ಎಲ್ಲವೂ ಇತ್ತು. ಕುನ್ನೇರಲು, ಮುಳ್ಳುಹಣ್ಣು, ಹಣ್ಣುಸಂಪಿಗೆ, ಮುರುಗಲು, ಕೇಪಳದ ಹಣ್ಣು. ಇವುಗಳ ನಡುವೆಯೇ, ಇವುಗಳಿಗಿಂತ ಚೆಂದವಾಗಿ, ತಿನ್ನಬಾರದವೂ ಇದ್ದವು.

ದೊಡ್ಡಮ್ಮನ ಬಾಯಲ್ಲಿ 'ವಿಷ' ಎಂಬ ಮಾತನ್ನು ನಾನು ಕೇಳಿಯೇ ಇಲ್ಲ. ವಿಷ ಎಂದರೆ ತಮ್ಮನಂಥ ಹುಡುಗ ಮೊದಲು ಅದನ್ನೇ ನೆಕ್ಕಿ ನೋಡುತ್ತಾನೆ ಎಂದು ಗೊತ್ತಿತ್ತೋ ಏನೋ. ಅವಳು ಹೇಳುತ್ತಿದ್ದುದು ಒಂದೇ: "ಅದು ನಮ್ಮದಲ್ಲ." ಹಾಗಾದರೆ ಯಾರದ್ದು? ಆ ಪ್ರಶ್ನೆಗೂ ಅವಳಲ್ಲಿ ಉತ್ತರ ತಯಾರಿರುತ್ತಿತ್ತು.

ಗುಲಗಂಜಿ ಅಕ್ಕಸಾಲಿಗರದ್ದು. ಬೇಲಿಯ ಬಳ್ಳಿಯಲ್ಲಿ ಸಿಪ್ಪೆ ಬಿರಿದು, ಕೆಂಪು ಮೈಗೆ ಕಪ್ಪು ಬೊಟ್ಟಿಟ್ಟುಕೊಂಡು ನೇತಾಡುವ ಆ ಕಾಳಿನಿಂದ ಪೇಟೆಯಲ್ಲಿ ಚಿನ್ನ ತೂಗುತ್ತಿದ್ದರು. ಎಂಟು ಗುಲಗಂಜಿಗೆ ಒಂದು ಮಾಷ, ಹನ್ನೆರಡು ಮಾಷಕ್ಕೆ ಒಂದು ತೊಲ. "ಒಂದು ಕಾಳು ನಿನ್ನ ಹೊಟ್ಟೆಗೆ ಹೋದ್ರೆ ಯಾರದೋ ಮದುವೆ ಸರದಲ್ಲಿ ಅಷ್ಟು ಬಂಗಾರ ಕಮ್ಮಿ ಬೀಳತ್ತೆ" ಎಂದು ದೊಡ್ಡಮ್ಮ ಹೆದರಿಸುತ್ತಿದ್ದಳು. ಯಾರದೋ ಮದುವೆ ಕೆಡಿಸುವ ಪಾಪ ಯಾರಿಗೆ ಬೇಕು? ನಾವು ಆರಿಸಿ ಡಬ್ಬಿಗೆ ತುಂಬುತ್ತಿದ್ದೆವೇ ಹೊರತು ಬಾಯಿಗೆ ಹಾಕುತ್ತಿರಲಿಲ್ಲ. ಸುಮಾರು 0.12 ಗ್ರಾಂ ತೂಗುವ ಆ ಕಾಳಿನೊಳಗೆ ಅಬ್ರಿನ್ ಎಂಬ ಘೋರ ವಿಷವಿದೆ. ಗಟ್ಟಿ ಸಿಪ್ಪೆ ಒಡೆಯದೆ ಇಡಿಯಾಗಿ ನುಂಗಿದರೆ ಹಾಗೆಯೇ ಹೊರಬೀಳುವುದುಂಟು, ಅಗಿದು ನುಂಗಿದರೆ ಒಂದೇ ಕಾಳು ಒಂದು ಮಗುವಿನ ಜೀವಕ್ಕೆ ಸಾಕಾಗಬಹುದು. ಇದನ್ನು ನಾನು ತಿಳಿದದ್ದು ಇಪ್ಪತ್ತು ದಾಟಿದ ಮೇಲೆ. ಆ ರಾತ್ರಿ ಹಳೆಯ ಡಬ್ಬಿ ನೆನಪಾಗಿ ನಿದ್ದೆ ಹತ್ತಲಿಲ್ಲ.

ಲಿಂಗತೊಂಡೆ ಶಿವನದ್ದು. ಇದು ಸ್ವಲ್ಪ ಕಷ್ಟದ ಪಾಠ. ಹಿತ್ತಿಲ ಬೇಲಿಯಲ್ಲಿ ತೊಂಡೆ ಬಳ್ಳಿ, ಅದರ ಪಕ್ಕದಲ್ಲೇ ಲಿಂಗತೊಂಡೆ ಬಳ್ಳಿ. ಹಣ್ಣಾದ ತೊಂಡೆಯನ್ನು ಗಿಳಿಗಳ ಜೊತೆ ಪೈಪೋಟಿಗೆ ಬಿದ್ದು ನಾವೂ ತಿನ್ನುತ್ತಿದ್ದೆವು. ಇನ್ನೊಂದೂ ಕೆಂಪೇ, ಗುಂಡಗೆ ಗೋಲಿಯಂತೆ, ಮೈಮೇಲೆ ಬಿಳಿ ಗೆರೆ. ಆದರೆ ಎಳೆಯ ತೊಂಡೆಕಾಯಿಗೂ ಬಿಳಿ ಗೆರೆ ಇರುತ್ತದಲ್ಲ ಎಂದು ದೊಡ್ಡಕ್ಕ ವಾದಿಸಿದಳು. ದೊಡ್ಡಮ್ಮ ಎರಡನ್ನೂ ಅಂಗೈಯಲ್ಲಿಟ್ಟು ತೋರಿಸಿದಳು. ತೊಂಡೆ ಹಣ್ಣಾಗುವಾಗ ಗೆರೆ ಅಳಿಸಿಹೋಗಿ ಮೈಯೆಲ್ಲ ಒಂದೇ ಕೆಂಪು. ಲಿಂಗತೊಂಡೆ ಎಷ್ಟೇ ಕೆಂಪಾದರೂ ಗೆರೆ ಬಿಡುವುದಿಲ್ಲ. "ಸಂಸಾರಿ ಬಳಿದ ವಿಭೂತಿ ಮಧ್ಯಾಹ್ನದೊಳಗೆ ಅಳಿಸ್ತದೆ. ಸನ್ಯಾಸಿದು ಅಳಿಸಲ್ಲ. ಸನ್ಯಾಸಿ ತಂಟೆಗೆ ಹೋಗ್ಬೇಡಿ." ಒಳಗಿನ ಬೀಜ ಪಾಣಿಪೀಠದ ಮೇಲೆ ಕೂರಿಸಿದ ಲಿಂಗದಂತೆಯೇ ಇತ್ತು. ಅದನ್ನು ನೋಡಿದ ಮೇಲೆ ತಮ್ಮ ಕೂಡ ಕೈಮುಗಿದು ಹಿಂದೆ ಸರಿದ.

ಹೀಗೆ ಹಂಚಿಕೆ ನಡೆದಿತ್ತು. ಮಳೆಗಾಲ ಮುಗಿಯುವ ಹೊತ್ತಿಗೆ ನೆರಳಿನ ನೆಲದಿಂದ ಕೆಂಪು ಮುಸುಕಿನಜೋಳದಂತೆ ಎದ್ದು ನಿಲ್ಲುವ ಗೊನೆಯೊಂದಿತ್ತು. ಅದರ ಹೂ ಥೇಟು ಹೆಡೆಯೆತ್ತಿದ ನಾಗರ. ನಾವು ಅದನ್ನು ಹಾವಿನ ಜೋಳ ಎನ್ನುತ್ತಿದ್ದೆವು, ಹಾಗಾಗಿ ಅದು ಹಾವಿನದ್ದು. ಕೆಸುವಿನ ಬಳಗದ ಗಿಡ ಅದು. ಬಾಯಿಗಿಟ್ಟರೆ ಸೂಜಿಯಂಥ ಹರಳುಗಳು ನಾಲಿಗೆ ಗಂಟಲಿಗೆಲ್ಲ ನಾಟಿಕೊಳ್ಳುತ್ತವೆ. ಹಳದಿ ಕಣಗಿಲೆಯ ಹೂವು ದೇವರದ್ದು, ಕಾಯಿಯೂ ದೇವರದ್ದೇ. ಹೃದಯದ ಬಡಿತವನ್ನೇ ತಪ್ಪಿಸುವ ಕಾಯಿಯನ್ನು ದೇವರಿಗಲ್ಲದೆ ಇನ್ನಾರಿಗೆ ವಹಿಸುವುದು? ಕಾಸರಕ ಮಂಗಟ್ಟೆ ಹಕ್ಕಿಯದ್ದು.

ಕಾಸರಕದ ವಿಷಯದಲ್ಲಿ ಮಾತ್ರ ದೊಡ್ಡಮ್ಮನಿಗೂ ನಮಗೂ ದೊಡ್ಡ ಜಗಳವಾಗಿತ್ತು. ಕಾರಣ, ನಾವು ಮಕ್ಕಳು ನಮ್ಮದೇ ಒಂದು ಶಾಸ್ತ್ರ ಮಾಡಿಕೊಂಡಿದ್ದೆವು. ಹಕ್ಕಿ ತಿಂದದ್ದನ್ನು ತಿನ್ನಬಹುದು. ಮುರಿದರೆ ಹಾಲು ಬರುವುದನ್ನು ತಿನ್ನಬಾರದು. ಕಹಿಯಾದರೆ ಉಗಿಯಬೇಕು, ಸಿಹಿಯಾದರೆ ಭಯವಿಲ್ಲ. ಇರುವೆ ಮುತ್ತಿದ್ದರೆ ಒಳ್ಳೆಯ ಹಣ್ಣು. ಈ ನಾಲ್ಕು ಸೂತ್ರ ಕಂಠಪಾಠವಾಗಿದ್ದರೆ ಸಾಕು, ಇಡೀ ಸಹ್ಯಾದ್ರಿಯನ್ನೇ ತಿಂದುಬಿಡಬಹುದು ಎಂಬ ಧೈರ್ಯ.

ಮೊದಲ ಸೂತ್ರ ಬಿದ್ದದ್ದು ಕಾಸರಕದ ಬುಡದಲ್ಲಿ. ಚೈತ್ರದ ಬಿಸಿಲಿಗೆ ಆ ಮರದ ತುಂಬ ಕಿತ್ತಳೆಯಂಥ ಹಣ್ಣು. ಅಂಗಡಿಯ ಕಿತ್ತಳೆಗಿಂತ ಸ್ವಲ್ಪ ಸಣ್ಣದು, ಬಣ್ಣ ಅದೇ. ಮೇಲೆ ಮಂಗಟ್ಟೆಗಳು ಕೂತು ಸಂತೋಷದಿಂದ ತಿನ್ನುತ್ತಿವೆ. ಶಾಸ್ತ್ರದ ಪ್ರಕಾರ ಇದು ಮನುಷ್ಯನಿಗೂ ಸಲ್ಲಬೇಕು. ದೊಡ್ಡಕ್ಕ ಒಂದನ್ನು ಒಡೆದಳು. ಒಳಗೆ ಲೋಳೆ ತಿರುಳು, ಅದರಲ್ಲಿ ಹುದುಗಿದ ಬೂದಿ ಬಣ್ಣದ ಚಪ್ಪಟೆ ಬೀಜ, ರೇಷ್ಮೆ ಹೊದಿಸಿದ ಅಂಗಿ ಗುಂಡಿಯ ಹಾಗೆ. ಅಷ್ಟರಲ್ಲಿ ದನ ಕಾಯುವ ಹುಡುಗ ಓಡಿಬಂದು ಅವಳ ಕೈಗೆ ಹೊಡೆದ. ಅವಳ ಕೈ ಮುಟ್ಟುವ ಧೈರ್ಯ ಅವನಿಗೆ ಅದುವರೆಗೆ ಬಂದಿರಲಿಲ್ಲ, ಆ ಕಾಲದಲ್ಲಿ ಬರುವಂತೆಯೂ ಇರಲಿಲ್ಲ. "ಮಂಗಟ್ಟೆ ಬೀಜ ಅಗೀತದಾ ದೊಡ್ಡಕ್ಕೋರೆ? ತಿರುಳು ತಿಂದು ಬೀಜ ಕಕ್ತದೆ, ನೋಡಿ" ಎಂದು ನೆಲ ತೋರಿಸಿದ. ಹೌದು, ಮರದಡಿಯೆಲ್ಲ ತೊಳೆದಿಟ್ಟಂಥ ಬೀಜಗಳು. ಆ ಬೀಜದಲ್ಲಿರುವುದು ಸ್ಟ್ರಿಕ್ನಿನ್. ಮೈಯ ಸ್ನಾಯುಗಳನ್ನೆಲ್ಲ ಬಿಲ್ಲಿನಂತೆ ಬಿಗಿಸಿ ಉಸಿರು ನಿಲ್ಲಿಸುವ ವಿಷ. ಹಕ್ಕಿಯ ಗಂಟಲು ಬೇರೆ, ನಮ್ಮ ಹಲ್ಲು ಬೇರೆ ಎಂಬುದು ಅವತ್ತು ಗೊತ್ತಾಯಿತು. ದೊಡ್ಡಮ್ಮ ಮೂರು ದಿನ ನಮ್ಮೊಂದಿಗೆ ಮಾತಾಡಲಿಲ್ಲ. ನಾಲಿಗೆಯನ್ನೂ ಕೇಳಲಿಲ್ಲ, ಅದೇ ದೊಡ್ಡ ಶಿಕ್ಷೆ.

ಈ ಹುಡುಗನ ಬಗ್ಗೆ ಒಂದು ಮಾತು ಹೇಳಬೇಕು. ಅವನಿಗೆ ಆಗ ಹದಿಮೂರೋ ಹದಿನಾಲ್ಕೋ. ಬೆಳಗ್ಗೆ ಕೊಟ್ಟಿಗೆಯಿಂದ ದನ ಬಿಟ್ಟುಕೊಂಡು ಹೋದರೆ ಸಂಜೆಯೇ ಬರುವುದು. ಬುತ್ತಿ ಇರುತ್ತಿರಲಿಲ್ಲ. ನಮಗೆ ಬಾಯಾಟವಾಗಿದ್ದದ್ದು ಅವನಿಗೆ ಮಧ್ಯಾಹ್ನದ ಊಟ. ಹಾಗಾಗಿ ಯಾವ ಹಣ್ಣು ಹೊಟ್ಟೆ ತುಂಬಿಸುತ್ತದೆ, ಯಾವುದು ಬರೀ ಬಾಯಿ ಬಣ್ಣ ಮಾಡುತ್ತದೆ, ಯಾವುದನ್ನು ಹತ್ತಕ್ಕಿಂತ ಹೆಚ್ಚು ತಿಂದರೆ ಹೊಟ್ಟೆ ನುಲಿಯುತ್ತದೆ ಎಂಬ ಲೆಕ್ಕ ಅವನಲ್ಲಿ ಪಕ್ಕಾ ಇತ್ತು. ದೊಡ್ಡಮ್ಮನಿಗೆ ತಿಳಿದದ್ದರಲ್ಲಿ ಅರ್ಧ ಅವನಂಥವರು ಹೇಳಿದ್ದೇ ಇರಬೇಕು. ನಾವು ಮಾತ್ರ ಅದನ್ನೆಲ್ಲ ದೊಡ್ಡಮ್ಮನ ಹೆಸರಿಗೆ ಬರೆದುಕೊಂಡೆವು. ಈಗ ನಾನೂ ಇಲ್ಲಿ ಅದನ್ನೇ ಮಾಡುತ್ತಿದ್ದೇನೆ.

ಎರಡನೆಯ ಸೂತ್ರಕ್ಕೆ, ಹಾಲು ಬಂದರೆ ತಿನ್ನಬಾರದೆಂಬುದಕ್ಕೆ, ಕೌಳಿ ಎಂದೂ ಸೊಪ್ಪು ಹಾಕಲಿಲ್ಲ. ಕಾಯಿ ಕಿತ್ತರೆ ಹಾಲು, ಎಲೆ ಹರಿದರೆ ಹಾಲು, ಕೊಂಬೆ ಮುರಿದರೆ ಹಾಲು. ಹಾಗಿದ್ದೂ ಮಲೆನಾಡಿನ ಮಕ್ಕಳಿಗೆ ಅದಕ್ಕಿಂತ ದೊಡ್ಡ ಹಣ್ಣಿಲ್ಲ. ಜೋಡಿ ಜೋಡಿಯಾಗಿ ಚಾಚಿದ ಮುಳ್ಳಿನ ಪೊದೆ. ಎಳೆಗಾಯಿ ಉಪ್ಪಿನಕಾಯಿಗೆ ಹೋಗುತ್ತಿತ್ತು. ಉಳಿದವು ಹಸಿರಿನಿಂದ ಕೆಂಪಾಗಿ, ಕೆಂಪಿನಿಂದ ಕಪ್ಪಾಗುವುದನ್ನು ನಾವು ದಿನಾ ಹೋಗಿ ನೋಡಿ ಬರುತ್ತಿದ್ದೆವು. ಮುತ್ತುಗದ ಎಲೆಯ ಕೊಟ್ಟೆಗೆ ಕಡ್ಡಿ ಚುಚ್ಚಿ, ತುಂಬಿಸಿ, ಬ್ಯಾಣದ ಬಂಡೆಯ ಮೇಲೆ ಕೂತರೆ ಆಟ ಶುರು. ಒಬ್ಬರು ಹಣ್ಣನ್ನು ಮುಷ್ಟಿಯಲ್ಲಿ ಮುಚ್ಚಿ ಹಿಡಿದು ಕೇಳಬೇಕು: "ಹುಂಜವೋ ಹ್ಯಾಟೆಯೋ?" ಎದುರಿನವರು ಹೇಳಿದ ಮೇಲೆ ಹಲ್ಲಿನಿಂದ ಕಚ್ಚಿ ತೆಗೆದು ತೋರಿಸಬೇಕು. ಒಳಗೆ ರಕ್ತಗೆಂಪಾಗಿದ್ದರೆ ಹುಂಜ, ಬಿಳುಚಿಕೊಂಡಿದ್ದರೆ ಹ್ಯಾಟೆ. ಸರಿಯಾಗಿ ಹೇಳಿದವರಿಗೆ ಹಣ್ಣು. ತಮ್ಮ ಯಾವಾಗಲೂ ಹುಂಜವೆನ್ನುತ್ತಿದ್ದ. ಸೋತರೆ ತೀರ್ಪು ಒಪ್ಪದೆ ಕಚ್ಚಿದ ಹಣ್ಣನ್ನೇ ಕಸಿದು ಬಾಯಿಗೆ ಹಾಕಿಕೊಂಡು, "ಈಗ ಹೇಳು ನೋಡುವ, ಹುಂಜವೋ ಹ್ಯಾಟೆಯೋ" ಎನ್ನುತ್ತಿದ್ದ. ಸಂಜೆಯ ಹೊತ್ತಿಗೆ ಮೂವರ ತುಟಿಯೂ ಅಂಟಿಕೊಂಡು, ಮಾತಾಡಿದರೆ ಪಟ್ ಪಟ್ ಎಂದು ಸದ್ದು ಬರುತ್ತಿತ್ತು. ಆ ಅಂಟನ್ನು ಕೊಬ್ಬರಿಎಣ್ಣೆ ಹಚ್ಚಿ ತೆಗೆಯುವಾಗ ದೊಡ್ಡಮ್ಮನ ಬೆರಳು ಬೇಕೆಂದೇ ಸ್ವಲ್ಪ ಜೋರಾಗಿ ಉಜ್ಜುತ್ತಿತ್ತು.

ಗೇರಿನ ವಿಷಯದಲ್ಲಿ ಸೂತ್ರವೇ ಕೆಲಸಕ್ಕೆ ಬರುತ್ತಿರಲಿಲ್ಲ. ನಾನು ಹೇಳುತ್ತಿರುವುದು ಗೋಡಂಬಿಯ ಗೇರಲ್ಲ, ಕಾಡಿನ ಗುಡ್ಡೆಗೇರು. ಒಂದೇ ತೊಟ್ಟಿನಲ್ಲಿ ಮೇಲೆ ಕೇಸರಿ ಬಣ್ಣದ ತಿರುಳು, ಕೆಳಗೆ ಕರಿ ಬೀಜ. ಮೇಲಿನದು ಒಣಗಿಸಿಯೋ ಕೆಂಡದಲ್ಲಿ ಸುಟ್ಟೋ ತಿನ್ನುವ ವಸ್ತು. ಕೆಳಗಿನದರ ರಸ ಚರ್ಮಕ್ಕೆ ತಾಗಿದರೆ ಸುಟ್ಟ ಹಾಗೆ ಬೊಬ್ಬೆ. ಆ ಕರಿ ರಸದಿಂದಲೇ ಮಡಿವಾಳರು ಬಟ್ಟೆಯ ಮೂಲೆಗೆ ಅಳಿಸಲಾಗದ ಗುರುತು ಹಾಕುತ್ತಿದ್ದರು. ದೊಡ್ಡಮ್ಮನ ನ್ಯಾಯ ಸರಳವಾಗಿತ್ತು: "ಮೇಲಿನ ಅಂತಸ್ತು ನಮ್ಮದು, ಕೆಳಗಿಂದು ಮಡಿವಾಳರದ್ದು." ಬೀಜ ಒಡೆಯದಂತೆ ತಿರುವಿ ಬೇರೆ ಮಾಡುವುದನ್ನು ದನ ಕಾಯುವ ಹುಡುಗ ನಮಗೆ ಕಲಿಸಿದ್ದ. ಆದರೂ ಒಂದು ವರ್ಷ ದೊಡ್ಡಕ್ಕ ಅವಸರ ಮಾಡಿ ಕೆಳತುಟಿ ಊದಿಸಿಕೊಂಡಳು. ಅದೇ ವಾರ ಅವಳನ್ನು ನೋಡಲು ತೀರ್ಥಹಳ್ಳಿ ಕಡೆಯಿಂದ ಗಂಡಿನವರು ಬರುವುದಿತ್ತು. ಬಂದರು, ನೋಡಿದರು, ಹೋದರು. ಆ ಸಂಬಂಧ ಕೂಡಲಿಲ್ಲ. ಮೂವತ್ತು ವರ್ಷದ ಮೇಲೆ ದೊಡ್ಡಕ್ಕ ಹೇಳಿದಳು, "ಬೇಕಂತಲೇ ಹಚ್ಕೊಂಡಿದ್ದೆ ಮಾರಾಯ್ತಿ."

ಹೆಸರನ್ನೂ ನಂಬುವಂತಿರಲಿಲ್ಲ. ಬೇಸಿಗೆ ರಜೆಗೆ ಬಯಲುಸೀಮೆಯಿಂದ ಬರುತ್ತಿದ್ದ ಅಮ್ಮನ ಕಡೆಯ ಮಕ್ಕಳು ತಮ್ಮೂರ ಕಾರೆಹಣ್ಣಿನ ರುಚಿಯನ್ನು ಬಣ್ಣಿಸಿ ಬಣ್ಣಿಸಿ ಹೇಳುತ್ತಿದ್ದರು. ಹಳದಿಯಾಗಿ, ಸಿಹಿಯಾಗಿ, ಮುಳ್ಳುಗಿಡದಲ್ಲಿ. ನಮ್ಮ ಬ್ಯಾಣದಲ್ಲೂ ಮುಳ್ಳುಗಿಡ, ಅದಕ್ಕೂ ಕಾರೆ ಎಂದೇ ಹೆಸರು, ಕಾಯಿ ಹಳದಿಗೆ ತಿರುಗುತ್ತಿತ್ತು. ಹೆಸರು ಕೇಳಿದ್ದೇ ತಡ ಅವರು ಓಡಿದರು. ಆದರೆ ನಮ್ಮ ಕಾರೆ ಬೇರೆ, ಮಂಗಾರೆ ಎಂದೂ ಕರೆಯುತ್ತಾರೆ. ಅದನ್ನು ಜಜ್ಜಿ ಬೇಸಿಗೆಯ ಗುಂಡಿಗೆ ಹಾಕಿದರೆ ಮೀನು ಮತ್ತು ಬಂದು ತೇಲುತ್ತವೆ. ಆಯುರ್ವೇದದವರು ಅದನ್ನೇ ಮದನಫಲವೆಂದು ವಾಂತಿ ಮಾಡಿಸಲು ಕೊಡುತ್ತಾರೆ. "ನಿಮ್ಮೂರ ಕಾರೆ ನಿಮ್ಮೂರಲ್ಲೇ ತಿನ್ನಿ. ಇದು ಪಂಡಿತರದ್ದು" ಎಂದು ದೊಡ್ಡಮ್ಮ ಅವರ ಕೈಯಿಂದ ಕಾಯಿ ಕೆಡವಿದಳು. ಊರು ಬದಲಾದರೆ ಹೆಸರಿನ ಒಳಗಿನ ಗಿಡವೂ ಬದಲಾಗುತ್ತದೆ. ಹೆಸರು ಗೊತ್ತು ಎಂದು ಬಾಯಿಗೆ ಹಾಕಿಕೊಳ್ಳುವುದಕ್ಕಿಂತ, ಹೆಸರೇ ಗೊತ್ತಿಲ್ಲ ಎಂದು ಸುಮ್ಮನಿರುವುದು ಎಷ್ಟೋ ವಾಸಿ.

ಇದರ ತಿರುವುಮುರುವೂ ಒಂದು ನಡೆದಿತ್ತು. ಶಿವಮೊಗ್ಗದಲ್ಲಿ ಕಾಲೇಜು ಓದುತ್ತಿದ್ದ ಚಿಕ್ಕಪ್ಪ ರಜೆಗೆ ಬಂದಾಗ ನಾವು ಗಣಿಕೆ ಹಣ್ಣು ತಿನ್ನುತ್ತಿರುವುದನ್ನು ಕಂಡು ಹೌಹಾರಿದ. ಕರಿಮಣಿಯಂಥ ಗೊಂಚಲನ್ನು ಕಿತ್ತೆಸೆದು, "ಇದು ನೈಟ್‌ಶೇಡ್, ಇಂಗ್ಲೆಂಡಿನಲ್ಲಿ ಇದನ್ನು ತಿಂದು ಜನ ಸಾಯ್ತಾರೆ" ಎಂದ. ದೊಡ್ಡಮ್ಮ ಒಳಗಿನಿಂದ ಒಂದು ಬಟ್ಟಲು ತಂಬುಳಿ ತಂದು ಅವನ ಮುಂದಿಟ್ಟಳು. ಅವನು ಕುಡಿದು, ಚೆನ್ನಾಗಿದೆ ಎಂದು ಇನ್ನೊಂದು ಬಟ್ಟಲು ಹಾಕಿಸಿಕೊಂಡ. ಆಮೇಲೆ ಅವಳು ಹೇಳಿದಳು, ಅದು ಗಣಿಕೆ ಸೊಪ್ಪಿನದು ಎಂದು. ಚಿಕ್ಕಪ್ಪನ ತಪ್ಪೂ ಪೂರ್ತಿ ತಪ್ಪಲ್ಲ. ಅವನು ಓದಿದ ನೈಟ್‌ಶೇಡ್, ಅಂದರೆ ಬೆಲ್ಲಡೋನ, ಬೇರೆ ಗಿಡ, ಅದೇ ಬದನೆಯ ಬಳಗ, ನಮ್ಮ ಮಲೆನಾಡಿನ ಬೇಲಿಯಲ್ಲಿ ಹುಟ್ಟುವುದಲ್ಲ. ಅದರ ಹಣ್ಣು ಒಂಟಿಯಾಗಿ, ನಕ್ಷತ್ರದಂತೆ ಹರಡಿದ ಹಸಿರು ಪುಷ್ಪಪಾತ್ರೆಯ ಮೇಲೆ ಕೂತಿರುತ್ತದೆ. ಗಣಿಕೆಯದು ಗೊಂಚಲು. ಆದರೆ ಗಣಿಕೆಯೂ ಕಾಯಿ ಹಸಿರಾಗಿದ್ದಾಗ ತಿನ್ನುವಂಥದ್ದಲ್ಲ, ಸೊಲನಿನ್ ಇರುತ್ತದೆ. "ಹಸಿರಿದ್ದಾಗ ಅದು ಗಿಡದ್ದು, ಕಪ್ಪಾದ್ಮೇಲೆ ನಿಮ್ಮದು. ಗಿಡದ ಕೈಲಿರೋದನ್ನ ಕಿತ್ಕೋಬಾರದು" ಎಂಬುದು ದೊಡ್ಡಮ್ಮನ ಕಟ್ಟಳೆ. ಬಿ.ಜಿ.ಎಲ್. ಸ್ವಾಮಿಯವರ 'ಹಸುರು ಹೊನ್ನು' ಓದಿ ಗಿಡಗಳ ಹಿಂದೆ ಬಿದ್ದ ಕಾಲದಲ್ಲಿ ನಾನು ಈ ಕ್ರಮವನ್ನೆಲ್ಲ ಕುಲ, ಬಳಗ, ಲ್ಯಾಟಿನ್ ಹೆಸರುಗಳಲ್ಲಿ ಬರೆದಿಟ್ಟುಕೊಂಡೆ. ದೊಡ್ಡಮ್ಮನ ಒಡೆತನದ ಪಟ್ಟಿ ಮಾತ್ರ ಯಾವ ಪುಸ್ತಕದಲ್ಲೂ ಸಿಗಲಿಲ್ಲ.

ಇಷ್ಟೆಲ್ಲ ಪಟ್ಟಿ ಇದ್ದೂ ಒಂದು ಗಿಡ ಅದರಿಂದ ತಪ್ಪಿಸಿಕೊಂಡಿತ್ತು. ಮರಹರಳು. ಶಾಲೆಯ ಸುತ್ತ ಬೇಲಿಗೆಂದು ನೆಟ್ಟಿದ್ದರು. ದನ ಬಾಯಿ ಹಾಕುವುದಿಲ್ಲ, ಕೊಂಬೆ ಕಡಿದು ನೆಟ್ಟರೆ ಬೇರುಬಿಡುತ್ತದೆ, ಬೇಲಿಗೆ ಹೇಳಿ ಮಾಡಿಸಿದ್ದು. ನಮಗೆ ಅದು ಬಹಳ ಬೇಕಾದ ಗಿಡ. ಎಲೆಯ ತೊಟ್ಟನ್ನು ಅರ್ಧ ಮುರಿದು ಬಗ್ಗಿಸಿದರೆ ಸಂದಿನಲ್ಲಿ ರಸದ ಪರೆಯೊಂದು ಕಟ್ಟಿಕೊಳ್ಳುತ್ತದೆ, ಮೆಲ್ಲಗೆ ಊದಿದರೆ ಕಾಮನಬಿಲ್ಲಿನ ಬಣ್ಣದ ಗುಳ್ಳೆಗಳು ತೇಲುತ್ತವೆ. ಮೂಲದಲ್ಲಿ ಅಮೆರಿಕದ ಉಷ್ಣವಲಯದ ಗಿಡ, ನಮ್ಮ ಬೆಟ್ಟದಲ್ಲಿ ಹುಟ್ಟಿದ್ದಲ್ಲ. ದೊಡ್ಡಮ್ಮನ ಸರಹದ್ದು ಬೆಟ್ಟ, ಬ್ಯಾಣ, ಹೊಳೆ, ಹಿತ್ತಿಲು ಅಷ್ಟೇ; ಶಾಲೆಯ ಬೇಲಿಯವರೆಗೆ ಅವಳು ಯಾವತ್ತೂ ಬಂದವಳಲ್ಲ. ಹಾಗಾಗಿ ಮರಹರಳು ಯಾರದ್ದು ಎಂದು ಯಾರೂ ನಮಗೆ ಹೇಳಿರಲಿಲ್ಲ.

ಕೊನೆಕೊಯ್ಲಿನ ಕಾಲ, ಶನಿವಾರದ ಅರ್ಧ ದಿನದ ಶಾಲೆ. ಒಣಗಿದ ಕಾಯಿಗಳು ಬಿರಿದು ಮೂರು ಮೂರು ಕಪ್ಪು ಬೀಜ ಉದುರಿದ್ದವು. ತಮ್ಮ ಒಂದನ್ನು ಕಲ್ಲಿನಲ್ಲಿ ಜಜ್ಜಿ ಒಳಗಿನ ಬಿಳಿ ಬೇಳೆಯನ್ನು ನಾಲಿಗೆಗೆ ಮುಟ್ಟಿಸಿದ. "ಅಕ್ಕಾ, ಶೇಂಗಾದ ಹಾಗಿದೆ!" ಕಹಿಯಿಲ್ಲ, ಒಗರಿಲ್ಲ, ಹಾಲಿಲ್ಲ, ಹುಳವಿಲ್ಲ. ನಮ್ಮ ಸೂತ್ರಗಳೆಲ್ಲ ಒಪ್ಪಿಗೆಯ ಮುದ್ರೆ ಒತ್ತಿದವು. ಅವನು ಐದೋ ಆರೋ ತಿಂದ. ನಾನು ಎರಡು. ದೊಡ್ಡಕ್ಕ ಅಷ್ಟರಲ್ಲಿ ಶಾಲೆ ಬಿಟ್ಟಾಗಿತ್ತು, ಅವಳು ಜೊತೆಗಿದ್ದಿದ್ದರೆ ಒಂದಾದರೂ ಪ್ರಶ್ನೆ ಕೇಳುತ್ತಿದ್ದಳು.

ಮನೆಗೆ ಬರುವ ಹೊತ್ತಿಗೆ ಗಂಟಲಲ್ಲಿ ಉರಿ. ಅಡಿಕೆ ಚಪ್ಪರದ ಕೆಳಗೆ ಹತ್ತು ಮಂದಿ ಮೆಟ್ಟುಗತ್ತಿ ಹಿಡಿದು ಕೂತಿದ್ದರು, ದೊಡ್ಡಮ್ಮನೂ. ನಮ್ಮನ್ನು ಕಂಡವಳೇ ವಾಡಿಕೆಯಂತೆ "ನಾಲಿಗೆ ತೋರಿಸ್ರಾ" ಎಂದಳು. ತೋರಿಸಿದೆವು. ಸ್ವಚ್ಛವಾಗಿತ್ತು. "ಇವತ್ತೇನೂ ತಿಂದಿಲ್ಲ, ಒಳ್ಳೆ ಮಕ್ಕಳು" ಎಂದು ಮತ್ತೆ ಅಡಿಕೆಗೆ ಕೈ ಹಾಕಿದಳು. ಅವಳ ಮಾತು ಮುಗಿಯುವುದರೊಳಗೆ ತಮ್ಮ ಅಂಗಳದಲ್ಲೇ ವಾಂತಿ ಮಾಡಿಕೊಂಡ. ಆಮೇಲೆ ನಿಲ್ಲಲೇ ಇಲ್ಲ. ನನಗೂ ಶುರುವಾಯಿತು. ಕಣ್ಣು ಗುಳಿ ಬಿದ್ದ ತಮ್ಮನನ್ನು ತೊಡೆಯ ಮೇಲೆ ಹಾಕಿಕೊಂಡು ದೊಡ್ಡಮ್ಮ ಅವನ ನಾಲಿಗೆಯನ್ನು ಬೆರಳಿನಿಂದ ಎಳೆದೆಳೆದು ನೋಡುತ್ತಿದ್ದದ್ದು ನನಗೆ ಈಗಲೂ ಕಣ್ಣಿಗೆ ಕಟ್ಟಿದಂತಿದೆ. ಬಣ್ಣವೇ ಇಲ್ಲ. ಬಣ್ಣ ಬಿಡದ ಹಣ್ಣನ್ನು ಅವಳು ಹೇಗೆ ಓದಬೇಕು?

ಎತ್ತಿನ ಗಾಡಿ ಕಟ್ಟಿಸಿ ಪೇಟೆಗೆ ಹೊರಟರು. ದನ ಕಾಯುವ ಹುಡುಗ ಶಾಲೆಯವರೆಗೆ ಓಡಿಹೋಗಿ, ನಮ್ಮ ಕಲ್ಲು ಮತ್ತು ಜಜ್ಜಿದ ಸಿಪ್ಪೆ ಹುಡುಕಿ, ಒಂದು ಬಿರಿದ ಕಾಯಿಯನ್ನೂ ತಂದು ದಾರಿಯಲ್ಲಿ ಗಾಡಿಗೆ ಕೊಟ್ಟ. ಡಾಕ್ಟರು ಮೊದಲು ಕೇಳಿದ್ದೂ ಅದನ್ನೇ, ಏನು ತಿಂದರು, ಎಷ್ಟು ತಿಂದರು. ಕಾಯಿ ನೋಡಿದ ಮೇಲೆ ಅವರ ಮುಖದ ಬಿಗಿ ಸ್ವಲ್ಪ ಸಡಿಲವಾಯಿತು. ಡ್ರಿಪ್ ಹಾಕಿದರು. ಮಾರನೆಯ ದಿನ ಸಂಜೆಗೆ ಇಬ್ಬರೂ ಗಂಜಿ ಕುಡಿದೆವು.

ಮನೆಗೆ ಬಂದ ಮೂರನೆಯ ದಿನ ದೊಡ್ಡಮ್ಮ ಸೆರಗು ಸಿಕ್ಕಿಸಿಕೊಂಡು ನಮ್ಮ ಜೊತೆ ಶಾಲೆಗೆ ಬಂದಳು. ಮೊದಲ ಸಲ. ಮೇಷ್ಟ್ರು ಗಾಬರಿಯಾಗಿ ಹೊರಗೆ ಬಂದು ಕೈಮುಗಿದರು. ಅವಳು ಅವರತ್ತ ನೋಡಲಿಲ್ಲ. ನೇರ ಬೇಲಿಗೆ ಹೋಗಿ, ಒಂದು ಎಲೆ ಮುರಿದು ಮೂಸಿದಳು, ಬೀಜ ಒಡೆದು ಬೆರಳಲ್ಲಿ ಉಜ್ಜಿದಳು. ಎಣ್ಣೆ ಜಿನುಗಿತು. ಆ ಎಣ್ಣೆಯನ್ನು ಬಹಳ ಹೊತ್ತು ನೋಡಿ, ಬೇಲಿಯ ಸುತ್ತ ನೆರೆದಿದ್ದ ಮಕ್ಕಳಿಗೆಲ್ಲ ಕೇಳುವಂತೆ, "ಇದು ದೀಪದ್ದು. ನಮ್ಮದಲ್ಲ" ಎಂದಳು. ಅಷ್ಟು ಹೇಳಿ ಮನೆಗೆ ಹೊರಟುಹೋದಳು. ಆ ಶಾಲೆಯ ಮಕ್ಕಳು ಆಮೇಲೆ ಅದನ್ನು ಮುಟ್ಟಿದ್ದು ಗುಳ್ಳೆ ಊದಲು ಮಾತ್ರ. ಮರಹರಳಿನ ಎಣ್ಣೆಯಿಂದ ಹಿಂದೆ ದೀಪ ಉರಿಸುತ್ತಿದ್ದದ್ದು ನಿಜ ಎಂದು ನಾನು ಓದಿ ತಿಳಿದದ್ದು ನಂತರ. ಈ ಶತಮಾನದ ಮೊದಲ ವರ್ಷಗಳಲ್ಲಿ ಜತ್ರೋಪ, ಜೈವಿಕ ಇಂಧನ ಎಂದು ದೇಶದ ತುಂಬ ಗದ್ದಲವೆದ್ದಾಗ ತಮ್ಮ ಫೋನು ಮಾಡಿ, "ಅಕ್ಕಾ, ದೊಡ್ಡಮ್ಮ ಹೇಳಿದ್ದು ಸರ್ಕಾರಕ್ಕೆ ಈಗ ಕೇಳಿಸಿತು ನೋಡು" ಎಂದಿದ್ದ.

ದೊಡ್ಡಮ್ಮ ಹೋಗಿ ಇಪ್ಪತ್ತು ವರ್ಷ ದಾಟಿತು. ಬ್ಯಾಣದ ಬಹುಪಾಲು ಈಗ ಅಕೇಶಿಯಾ ನೆಡುತೋಪು. ಕೆಳಗೆ ಹುಲ್ಲೂ ಇಲ್ಲ, ಕೌಳಿಯೂ ಇಲ್ಲ. ಕೌಳಿ ಸಿಗುವುದು ಬೇರೆಡೆ. ಬೆಂಗಳೂರಿನ ಬೇಕರಿಯ ಕೇಕಿನ ಮೇಲೆ ಕೆಂಪಗೆ ಹೊಳೆಯುತ್ತ ಕೂತಿರುವ 'ಚೆರ್ರಿ' ಬಹಳಷ್ಟು ಸಲ ಸಕ್ಕರೆ ಪಾಕದಲ್ಲಿ ಕುದಿಸಿ ಬಣ್ಣ ಹಾಕಿದ ನಮ್ಮ ಕೌಳಿಕಾಯಿಯೇ. ತಮ್ಮನ ಮೊಮ್ಮಗಳ ಹುಟ್ಟುಹಬ್ಬಕ್ಕೆ ಹೋದಾಗ ನಾನು ಅದನ್ನು ತಟ್ಟೆಯಂಚಿಗೆ ತೆಗೆದಿಟ್ಟು ಕಚ್ಚಿ ನೋಡಿದೆ. ತಮ್ಮ ಪಕ್ಕದಲ್ಲಿ ಕೂತವನು ಮೆಲ್ಲಗೆ ಕೇಳಿದ, "ಹುಂಜವೋ?" ಒಳಗೂ ಹೊರಗೂ ಒಂದೇ ಕೆಂಪು. ಬೇಕರಿಯಲ್ಲಿ ಹ್ಯಾಟೆಯೇ ಇಲ್ಲ.

ಆ ಸಂಜೆ ಅವರ ಅಪಾರ್ಟ್‌ಮೆಂಟಿನ ಕೆಳಗೆ ಮೂವರೂ ಸುತ್ತು ಹಾಕುತ್ತಿದ್ದೆವು. ಮೊಮ್ಮಗಳು ಬೇಲಿಗಿಡದ ಹತ್ತಿರ ನಿಂತಳು. ಕತ್ತರಿಸಿ ಸಾಲು ಮಾಡಿದ ಗಿಡ, ಒಂದು ಮೂಲೆಯಲ್ಲಿ ಕತ್ತರಿ ತಪ್ಪಿ ಬೆಳೆದ ಕೊಂಬೆಯಿಂದ ಕಿತ್ತಳೆ ಬಣ್ಣದ ಮಣಿಸರಗಳಂತೆ ಹಣ್ಣು ಇಳಿಬಿದ್ದಿದ್ದವು. ಡುರಾಂಟ. 16ನೆಯ ಶತಮಾನದ ಇಟಲಿಯ ವೈದ್ಯನೊಬ್ಬನ ಹೆಸರಿನಿಂದ ಬಂದದ್ದು. ನಮ್ಮ ನರ್ಸರಿಯವರು ಕನ್ನಡದಲ್ಲಿ ಬೋರ್ಡು ಬರೆಯುವಾಗ 'ದುರಂತ' ಎಂದೇ ಬರೆಯುತ್ತಾರೆ, ಆ ಹಣ್ಣಿನ ವಿಷಕ್ಕೆ ಅದೇನೂ ತಪ್ಪು ಹೆಸರಲ್ಲ. ಮಗು ಒಂದು ಹಿಡಿ ಕಿತ್ತುಕೊಂಡು ನನ್ನತ್ತ ಚಾಚಿದಳು.

"ದೊಡ್ಡಜ್ಜಿ, ಇದು ತಿನ್ನೋದಾ?"

ನನ್ನ ಬಾಯಿಗೆ ಮೊದಲು ಬಂದ ಮಾತು 'ವಿಷ' ಎಂದೇ. ತಮ್ಮ ನನ್ನ ತೋಳು ಹಿಡಿದು ತಡೆದ. ಮಗುವಿನ ಎದುರು ಕುಕ್ಕರುಗಾಲಲ್ಲಿ ಕೂತ. ಮಂಡಿ ನೋವಿದೆ ಅವನಿಗೆ, ಕೂರಲು ಸ್ವಲ್ಪ ಹೊತ್ತು ಹಿಡಿಯಿತು. ಸುತ್ತ ನೋಡಿದ. ಅಕ್ಕಸಾಲಿಗನಿಲ್ಲ, ಮಡಿವಾಳನಿಲ್ಲ, ಮಂಗಟ್ಟೆಯಿಲ್ಲ, ಶಿವನ ಗುಡಿಯೂ ಹತ್ತಿರದಲ್ಲಿಲ್ಲ.

"ಅದು ನಮ್ಮದಲ್ಲ ಪುಟ್ಟಿ," ಎಂದ. "ಅದು ಸೆಕ್ಯುರಿಟಿ ಅಂಕಲ್‌ದು."

ಮಗು ಗೇಟಿನತ್ತ ತಿರುಗಿ ನೋಡಿದಳು. ಪ್ಲಾಸ್ಟಿಕ್ ಕುರ್ಚಿಯಲ್ಲಿ ಕೂತು ರಿಜಿಸ್ಟರು ಬರೆಯುತ್ತಿದ್ದವರ ಬಳಿ ಓಡಿಹೋಗಿ, ಹಿಡಿ ಬಿಚ್ಚಿ, ಹಣ್ಣುಗಳನ್ನೆಲ್ಲ ಅವರ ಮೇಜಿನ ಮೇಲೆ ಒಂದೊಂದಾಗಿ ಎಣಿಸಿಟ್ಟು ಬಂದಳು. ಅವರು ಕಕ್ಕಾಬಿಕ್ಕಿಯಾಗಿ ನಮ್ಮತ್ತ ನೋಡುತ್ತಿದ್ದರು. ಅವರಿಗೆ ವಿಷಯ ಹೇಳಲು ತಮ್ಮ ಗೇಟಿನ ಕಡೆ ಹೊರಟ. ನಾನು ಮಗುವಿನ ಗಲ್ಲ ಹಿಡಿದೆತ್ತಿ ಹೇಳಿದೆ, "ಎಲ್ಲಿ, ನಾಲಿಗೆ ತೋರಿಸು."